ನಜಾಕ್ ಕೋಟೆಗೆ ಹೋಗೋರು ದೊಡ್ಡ ಸೂಟ್‌ಕೇಸ್ ಎಳ್ಕೊಂಡು ಹೋಗ್ಬೇಡಿ

ತಮ್ಮ ತುಲೂಸ್‌ನಲ್ಲಿ ಕೆಲ್ಸದಲ್ಲಿದಾನೆ, ಅವನ ಮನೆಗೆ ಹೋದಾಗ ನಾನೂ ನಮ್ಮನೆಯವ್ರೂ ಎರಡು ದಿನ ನಜಾಕ್‌ಗೆ ಹೋಗಿಬಂದ್ವಿ. ದಕ್ಷಿಣ ಫ್ರಾನ್ಸಿನ ಅವೇರೋನ್ ಕಡೆಯ ಚಿಕ್ಕ ಹಳ್ಳಿ, ಸಾವಿರ ಜನಾನೂ ಇಲ್ಲ. ತುಲೂಸ್‌ನಿಂದ ರೈಲಲ್ಲಿ ಸುಮಾರು 2 ಗಂಟೆ. ಸ್ಟೇಷನ್ನಿಗೆ ಊರಿನ ಹೆಸರೇ ಇದೆ ಅಂತ ಊರೊಳಗೇ ಇಳೀತೀವಿ ಅಂದ್ಕೊಂಡಿದ್ವಿ, ಇಳಿದು ನೋಡಿದ್ರೆ ಸ್ಟೇಷನ್ ಕೆಳಗೆ ಹೊಳೆ ಪಕ್ಕದಲ್ಲಿ, ಊರು ಮೇಲೆ ಗುಡ್ಡದ ನೆತ್ತಿ ಮೇಲೆ! ಬಸ್ಸೂ ಇಲ್ಲ, ಆಟೋ ತರದ್ದಂತೂ ಕೇಳಲೇಬೇಡಿ. ಸೂಟ್‌ಕೇಸ್ ಎಳ್ಕೊಂಡು ಎರಡು ಕಿಲೋಮೀಟರ್ ಏರು ಹತ್ತೋಷ್ಟರಲ್ಲಿ ನಮ್ಮನೆಯವ್ರಿಗೆ ಮಂಡಿ ನೋವು ಶುರುವಾಯ್ತು. ಹೆಗಲಿಗೆ ಹಾಕೋ ಒಂದು ಬ್ಯಾಗ್ ಸಾಕು, ಮಿಕ್ಕಿದ್ದೆಲ್ಲ ತುಲೂಸ್‌ನಲ್ಲೇ ಬಿಟ್ಟು ಬನ್ನಿ.

ರೂಮಿನದು ಇನ್ನೊಂದು ಕಥೆ. ಕೋಟೆ ಕಾಣೋ ಕಿಟಕಿ ಅಂತ ಫೋಟೋ ಹಾಕಿದ್ರು, ಕಿಟಕಿ ತೆಗೆದ್ರೆ ಪಕ್ಕದ ಮನೆ ಗೋಡೆ. ಮೇಲೆ ಬೆಡ್‌ಶೀಟಿಗೆ ಬೇರೆ ದುಡ್ಡು, ಕ್ಲೀನಿಂಗಿಗೆ ಬೇರೆ ದುಡ್ಡು, ಎಲ್ಲಾ ಸೇರಿ ಒಂದು ರಾತ್ರಿಗೆ 130 ಯೂರೋ ಹತ್ರ ಹೋಯ್ತು. ಅಲ್ಲಿನ ಹಳ್ಳಿಗಳಲ್ಲಿ ಬಾಡಿಗೆ ಮನೆಗಳಿಗೆ ಹೀಗೆ ಶೀಟಿಗೆ ಬೇರೆ ಹಾಕೋದು ಮಾಮೂಲಂತೆ, ತಮ್ಮ ಆಮೇಲೆ ಹೇಳ್ದ. ಬುಕ್ ಮಾಡೋಕೆ ಮುಂಚೆ ಅದನ್ನೇ ಬರೆದು ಕೇಳಿ.

ಕೋಟೆ ಮಾತ್ರ ಬಂದಿದ್ದಕ್ಕೂ ಸಾರ್ಥಕ. 1253ರಲ್ಲಿ ರಾಜ ಒಂಬತ್ತನೇ ಲೂಯಿಯ ತಮ್ಮ ಆಲ್ಫಾನ್ಸ್ ಕಟ್ಟಿಸೋಕೆ ಶುರುಮಾಡಿದ್ದು, ಅದಕ್ಕಿಂತ ಹಳೇ ಚೌಕದ ಬುರುಜೊಂದು ಒಳಗೇ ಸೇರ್ಕೊಂಡಿದೆ. ನನಗೆ ಮರೆಯೋಕೇ ಆಗದ್ದು ಗೋಡೆಯಲ್ಲಿರೋ ಬಾಣದ ಕಿಂಡಿಗಳು. ಒಂದೊಂದು 6.8 ಮೀಟರ್ ಎತ್ತರ, ಒಂದೇ ಕಿಂಡಿಯಿಂದ ಮೂರು ಜನ ಬಿಲ್ಲುಗಾರರು ಒಬ್ರ ಮೇಲೊಬ್ರು ನಿಂತು ಹೊಡೀಬಹುದಿತ್ತಂತೆ. ಒಳಗಿಂದ ನೋಡಿದ್ರೆನೇ ಅದರ ಲೆಕ್ಕ ಗೊತ್ತಾಗೋದು. ಮೇಲಿಂದ ಅವೇರೋನ್ ನದಿ ಗುಡ್ಡ ಬಳಸಿ ಹೋಗೋದು ಕಾಣುತ್ತೆ. ಚಳಿಗಾಲದಲ್ಲಿ ಕೋಟೆ ಮುಚ್ಚಿರುತ್ತೆ, ಆಗಸ್ಟಲ್ಲಿ ವಿಪರೀತ ಜನ. ನನಗೆ ಜನಜಂಗುಳಿ ಆಗಲ್ಲ, ಹಾಗಾಗಿ ಸೆಪ್ಟೆಂಬರ್ ಕೊನೇಲಿ ಹೋಗಿ ಅಂತೀನಿ. ಹಾಗೇ ಮುಂದಕ್ಕಿಳಿದ್ರೆ ಚರ್ಚ್ ಸಿಗುತ್ತೆ, ಇನ್ಕ್ವಿಸಿಷನ್‌ನವ್ರು, ಅಂದ್ರೆ ಆಗಿನ ಕ್ಯಾಥೊಲಿಕ್ ಚರ್ಚಿನ ಧರ್ಮವಿಚಾರಣೆ ಕೋರ್ಟಿನವ್ರು, ಧರ್ಮದ್ರೋಹ ಅಂತ ಊರಿನವ್ರಿಗೆ ಶಿಕ್ಷೆ ಕೊಟ್ಟು ಅವರ ಖರ್ಚಲ್ಲೇ ಕಟ್ಟಿಸಿದ್ದು.

ಊಟದ ವಿಷ್ಯ ಗಮನ ಇಟ್ಕೊಳ್ಳಿ, ಮಧ್ಯಾಹ್ನ 2 ಆದ್ಮೇಲೆ ಅಡುಗೆಮನೆ ಬಂದ್. ಮೊದಲ್ನೇ ದಿನ ಹಸ್ಕೊಂಡೇ ಇದ್ವಿ. ಎರಡನೇ ದಿನ ಚೌಕದ ಹತ್ರ ನಾಲ್ಕೇ ಟೇಬಲ್ಲಿನ ಒಂದು ಜಾಗ ಸಿಕ್ತು, ಅಲ್ಲಿ ಅಲಿಗೋ ತಿಂದ್ವಿ. ಬೇಯಿಸಿ ಹಿಸುಕಿದ ಆಲೂಗಡ್ಡೆಗೆ ಹಸಿ ಚೀಸು, ಕ್ರೀಮು, ಬೆಳ್ಳುಳ್ಳಿ ಹಾಕಿ ತಿರುವಿ ತಿರುವಿ ಮಾಡ್ತಾರೆ, ಸೌಟಲ್ಲಿ ಎತ್ತಿದ್ರೆ ತಲೆಮಟ್ಟಕ್ಕೆ ಎಳೆ ಬರುತ್ತೆ, ಬಿಸಿಬಿಸಿ ತಟ್ಟೇಲಿ ಬಿದ್ದಾಗ ಆ ಬೆಳ್ಳುಳ್ಳಿ ವಾಸನೆಗೇ ಅರ್ಧ ಹೊಟ್ಟೆ ತುಂಬುತ್ತೆ. ಸಾಮಾನ್ಯವಾಗಿ ಹಂದಿ ಸಾಸೇಜ್ ಜೊತೆ ಕೊಡ್ತಾರೆ, "ಸಾನ್ ವಿಯಾಂದ್" ಅಂದ್ರೆ ಮಾಂಸ ಬಿಟ್ಟು ಕೊಡ್ತಾರೆ. ಅಲ್ಲಿ ಬಡಿಸ್ತಿದ್ದ ಅಜ್ಜಿ ಖಾಲಿಯಾದ ತಟ್ಟೆ ನೋಡಿ ಕೇಳದೇನೇ ಇನ್ನೊಂದು ಸೌಟು ಬಡಿಸಿದ್ರು, ಬಿಲ್ಲು ಇಬ್ರಿಗೂ ಸೇರಿ 24 ಯೂರೋ ಅಷ್ಟೇ. ಊರಿನ ಫುವಾಸ್ ಅನ್ನೋ ಸಿಹಿ ಬ್ರೆಡ್ಡೂ ಚೆನ್ನಾಗಿದೆ, ಮೊಟ್ಟೆ ಇರುತ್ತೆ, ತಿನ್ನದೋರು ನೋಡ್ಕೊಳ್ಳಿ.

ವಾಪಸ್ ರೈಲುಗಳು ದಿನಕ್ಕೆ ಬೆರಳೆಣಿಕೆಯಷ್ಟೇ, ಒಂದು ತಪ್ಪಿದ್ರೆ ಗಂಟೆಗಟ್ಲೆ ಕೂರ್ಬೇಕು. ಟೈಮ್ ಬರ್ಕೊಂಡು ಒಂದು ಗಂಟೆ ಮುಂಚೇನೇ ಗುಡ್ಡ ಇಳಿಯೋಕೆ ಶುರುಮಾಡಿ.