ಚಿನ್ನಿಯ ಕೆರೆತದ ಲೆಕ್ಕ

ನಮ್ಮ ನಾಯಿ ಚಿನ್ನಿ ಪಾದ ನೆಕ್ಕುವುದು ಕಮ್ಮಿ ಮಾಡಿದ್ದಾಳೆ! ಬೆರಳ ಸಂದಿಯ ಕೆಂಪು ಇಳಿದಿದೆ, ನೆಕ್ಕಿ ನೆಕ್ಕಿ ಕಂದಾಗಿದ್ದ ಕೂದಲಿನ ಬುಡದಲ್ಲಿ ಈಗ ಹೊಸ ಬಿಳಿ ಕಾಣುತ್ತಿದೆ. ಕಿವಿ ಮಾತ್ರ ಇನ್ನೂ ವಾಸನೆ.

ಈ ಕೆರೆತ ಆಹಾರದ ಅಲರ್ಜಿಯಾ ಅಂತ ಹಿಡಿಯೋಕೆ ರಕ್ತ ಪರೀಕ್ಷೆ ನಂಬುವ ಹಾಗಿಲ್ಲ. ನಾಯಿ ಹಿಂದೆ ತಿಂದಿರದ ಆಹಾರವನ್ನಷ್ಟೇ ಸುಮಾರು 8 ವಾರ ಕೊಟ್ಟು ನೋಡಬೇಕು. ಇವಳಿಗೆ ಡಾಕ್ಟರ್ ಹೇಳಿದ್ದು ಮುಳ್ಳು ತೆಗೆದ ಬೇಯಿಸಿದ ಮೀನು, ಸಿಹಿಗೆಣಸು. ಉಪ್ಪಿಲ್ಲ, ಬಿಸ್ಕತ್ತಿಲ್ಲ, ಮಾಂಸದ ರುಚಿ ಬೆರೆಸಿದ ಜಂತುಹುಳದ ಮಾತ್ರೆ ಕೂಡ ಅವರನ್ನು ಕೇಳದೆ ಇಲ್ಲ.

ದಾವಣಗೆರೆಯಲ್ಲಿ ಕಷ್ಟ ಅಂದ್ರೆ ಸಂಜೆ ಹೊತ್ತು. ಗೇಟಿನ ಹತ್ರ ಮಂಡಕ್ಕಿ, ಮಿರ್ಚಿ ತಿನ್ನುತ್ತಾ ನಿಂತವರು ಪ್ರೀತಿಯಿಂದ ಇವಳಿಗೂ ಒಂದು ಹಿಡಿ ಹಾಕುತ್ತಾರೆ. ಪಕ್ಕದ ಮನೆ ಅಜ್ಜಿಗೆ, 'ಬೆಣ್ಣೆ ದೋಸೆ ಚೂರೂ ಬೇಡ ಅಜ್ಜಿ' ಅಂದೆ. 'ಒಂದು ಚೂರಿಗೆ ಏನಾಗುತ್ತೆ ಮಗಾ?' ಅಂದರು. ಆ ಒಂದು ಚೂರೇ ಸಾಕು, ಇಡೀ ಪರೀಕ್ಷೆ ಕೆಡೋಕೆ.

ರಾತ್ರಿ ಮಲಗೋ ಮುಂಚೆ ಕೆರೆತಕ್ಕೆ 10ಕ್ಕೆ ಇಷ್ಟು ಅಂತ ಬರೆದು, ಅದೇ ಟ್ಯೂಬ್‌ಲೈಟ್ ಕೆಳಗೆ ಪಾದದ ಫೋಟೋ ತೆಗೆಯುತ್ತೇನೆ, ಯಾಕಂದ್ರೆ ದಿನಾ ನೋಡುವ ಕಣ್ಣಿಗೆ ಬದಲಾವಣೆ ಗೊತ್ತಾಗುವುದೇ ಇಲ್ಲ. ಮುಂದೆ, ಮೊದಲು ತಿನ್ನುತ್ತಿದ್ದ ಕೋಳಿ ಮಾಂಸ ಮತ್ತೆ ಕೊಟ್ಟು 2 ವಾರ ಕಾಯಬೇಕು. ಕೆರೆತ ಮರಳಿದರೆ ಕೋಳಿಯೇ ಕಾರಣ, ಇಲ್ಲದಿದ್ದರೆ ಮುಂದಿನ ಸರದಿ ಮೊಸರಿನದು.