ಎಷ್ಟು ಜನರಲ್ಲಿ ಎಷ್ಟು?

ನಾನು ಹಾಸನ ವೈದ್ಯಕೀಯ ವಿಜ್ಞಾನಗಳ ಸಂಸ್ಥೆಗೆ ಸೇರಿದಾಗ ಕಾಲೇಜು ಇನ್ನೂ ಹೊಸದು. 2006ರಲ್ಲಿ ಆರಂಭವಾದ ಸಂಸ್ಥೆಯಾದ್ದರಿಂದ ಸೀನಿಯರ್‌ಗಳ ಸಾಲು ಚಿಕ್ಕದಿತ್ತು; ಹಳೆಯ ಕಾಲೇಜುಗಳ ಹಾಸ್ಟೆಲುಗಳಲ್ಲಿ ಒಂದು ಬ್ಯಾಚಿನಿಂದ ಇನ್ನೊಂದು ಬ್ಯಾಚಿಗೆ ಇಳಿದು ಬರುವ ನೋಟ್ಸುಗಳು, ಪ್ರಶ್ನೆಪತ್ರಿಕೆಗಳ ಕಟ್ಟು, ಯಾವ ವಿಷಯಕ್ಕೆ ಯಾವ ಪುಸ್ತಕ ಎಂಬ ತಿಳಿವಳಿಕೆ ನಮಗೆ ಅಷ್ಟಾಗಿ ದೊರೆಯಲಿಲ್ಲ. ಈಗ ಸೇರುವವರಿಗೆ 2019ರಿಂದ ಬಂದ ಫೌಂಡೇಶನ್ ಕೋರ್ಸ್ ಎಂಬ ಪೀಠಿಕೆಯಿದೆ. ನಮಗೆ ಅದಿರಲಿಲ್ಲ, ನೇರವಾಗಿ ಅನಾಟಮಿ ಹಾಲ್. ಅರಕಲಗೂಡು ಕಡೆಯ ಹಳ್ಳಿಯಲ್ಲಿ ಹತ್ತನೆಯ ತರಗತಿಯವರೆಗೆ ಕನ್ನಡ ಮಾಧ್ಯಮದಲ್ಲಿ ಓದಿದ್ದ ನನ್ನಂಥವರಿಗೆ ದಾರಿ ತೋರಿಸಿದ್ದು ಎರಡು ಜೆರಾಕ್ಸ್ ಕೈಪಿಡಿಗಳು. ಕಾಲೇಜಿನ ಸಂಚಿಕೆಗೆ ನೆನಪುಗಳನ್ನು ಬರೆದುಕೊಡಿ ಎಂದು ಸಂಪಾದಕ ವಿದ್ಯಾರ್ಥಿಗಳು ಕೇಳಿದಾಗ, ಅವುಗಳ ಬಗ್ಗೆ, ಅದರಲ್ಲೂ ಎರಡನೆಯದರ ಬಗ್ಗೆ ಬರೆಯುವುದೇ ಸರಿಯೆನಿಸಿತು.

ಮೊದಲನೆಯದು ನಮಗಿಂತ ಹಿಂದಿನ ಬ್ಯಾಚಿನವರು ಬರೆದದ್ದು. ಅದರ ಗುರಿ ಪರೀಕ್ಷೆ. ರಾಜೀವ್ ಗಾಂಧಿ ಆರೋಗ್ಯ ವಿಜ್ಞಾನಗಳ ವಿಶ್ವವಿದ್ಯಾಲಯದ ಪ್ರಶ್ನೆಪತ್ರಿಕೆಯಲ್ಲಿ ಲಾಂಗ್ ಎಸ್ಸೇಗೆ ಯಾವುದು ಬರುತ್ತದೆ, ಯಾವುದನ್ನು ಚಿತ್ರ ಬರೆದೇ ಉತ್ತರಿಸಬೇಕು, ವೈವಾ ಎಂಬ ಮೌಖಿಕ ಪರೀಕ್ಷೆಯಲ್ಲಿ ಮೂಳೆಯನ್ನು ಕೈಗೆ ಕೊಟ್ಟಾಗ ಮೊದಲು ಎಡವೋ ಬಲವೋ ಎಂಬುದನ್ನು ಹೇಳಬೇಕು, ಇಂಥವೇ ಹೆಚ್ಚು. ಅದನ್ನು ಹಗುರವಾಗಿ ಕಾಣುವುದು ನನಗೆ ಸಾಧ್ಯವಿಲ್ಲ, ಏಕೆಂದರೆ ನಾವು ಪಾಸಾದದ್ದು ಬಹುಮಟ್ಟಿಗೆ ಅದರ ಬಲದಿಂದಲೇ. ಮೂಳೆಯನ್ನು ಕೈಯಲ್ಲಿ ಹಿಡಿಯದೆ ಅದರ ಪುಟವನ್ನು ಓದಬೇಡಿ, ರಕ್ತನಾಳದ ಹಾದಿಯನ್ನು ನಿಮ್ಮದೇ ಮೈಮೇಲೆ ಬೆರಳಿಟ್ಟು ಗುರುತಿಸಿ ಎಂಬ ಮಾತುಗಳು ಇಂದಿಗೂ ಸರಿಯಾಗಿಯೇ ಇವೆ. ಆದರೆ ಅದರಲ್ಲಿ ನಿಜಕ್ಕೂ ಬೆಲೆಯುಳ್ಳ ಪುಟ ಕೊನೆಯದಾಗಿತ್ತು. ಶ್ರೀ ಚಾಮರಾಜೇಂದ್ರ ಆಸ್ಪತ್ರೆಯ ವಾರ್ಡುಗಳಲ್ಲಿ ರೋಗಿಗಳು ಬಳಸುವ ಮಾತುಗಳನ್ನು ಯಾರೋ ತಾಳ್ಮೆಯಿಂದ ಬರೆದಿಟ್ಟಿದ್ದರು: ಸುಸ್ತು, ಮೈಕೈ ನೋವು, ತಲೆ ಗಿರ್ ಅನ್ನುವುದು, ಎದೆ ಹಿಡಿದುಕೊಳ್ಳುವುದು. 'ಗ್ಯಾಸ್ಟ್ರಿಕ್' ಎಂದು ಬಂದ ನಡುವಯಸ್ಸಿನವರಿಗೆ ಇಸಿಜಿ ಮಾಡಿಸದೆ ಕಳುಹಿಸಬೇಡಿ ಎಂಬ ಸಾಲಿನ ಕೆಳಗೆ ಎರಡು ಗೆರೆ ಎಳೆದಿತ್ತು. ಹೃದಯಾಘಾತದ ನೋವನ್ನು ಹೊಟ್ಟೆಯ ಉಬ್ಬರವೆಂದು ಭಾವಿಸಿ ಸೋಡಾ ಕುಡಿದು ಮಲಗುವವರನ್ನು ನಮ್ಮ ಜಿಲ್ಲೆಯ ವೈದ್ಯರೆಲ್ಲರೂ ಕಂಡಿರುತ್ತಾರೆ.

ಎರಡನೆಯ ಕೈಪಿಡಿ ಸಮುದಾಯ ವೈದ್ಯಶಾಸ್ತ್ರದ ಪ್ರಾಧ್ಯಾಪಕಿಯೊಬ್ಬರು ಸಿದ್ಧಪಡಿಸಿದ್ದು. ನಾವು ಅವರನ್ನು ಬರಿದೆ ಮೇಡಂ ಎನ್ನುತ್ತಿದ್ದೆವು. ಆರೋಗ್ಯ ಸಂಶೋಧನೆಗೆ ಕೈಹಾಕುವವರಿಗಾಗಿ ಬರೆದ, ಸ್ಪೈರಲ್ ಬೈಂಡ್ ಮಾಡಿದ, ತೆಳ್ಳನೆಯ ಪುಸ್ತಕ. ಸಂಶೋಧನೆ ಎಂದರೇನು ಎಂಬ ವ್ಯಾಖ್ಯಾನದಿಂದ ಅದು ಶುರುವಾಗುತ್ತಿರಲಿಲ್ಲ. ಮೊದಲ ಪುಟದಲ್ಲಿ ಇದ್ದದ್ದು 'ಎಷ್ಟು ಜನರಲ್ಲಿ ಎಷ್ಟು?' ಎಂಬ ಪ್ರಶ್ನೆ, ಅದರ ಕೆಳಗೆ ಲಂಡನ್ನಿನ 1854ರ ಕಾಲರಾ. ಜಾನ್ ಸ್ನೋ ಎಂಬ ವೈದ್ಯ, ಕಾಲರಾ ಹರಡುತ್ತಿದ್ದ ಬೀದಿಯ ನೀರಿನ ಪಂಪಿನ ಹಿಡಿಕೆ ತೆಗೆಸಿದ ಕತೆಯನ್ನು ಎಲ್ಲ ಪಠ್ಯಗಳೂ ಹೇಳುತ್ತವೆ. ಮೇಡಂ ಅದನ್ನು ಒಂದೇ ಸಾಲಿನಲ್ಲಿ ಮುಗಿಸಿ, ಸ್ನೋ ಅದೇ ವರ್ಷ ಮಾಡಿದ ಇನ್ನೊಂದು ಕೆಲಸಕ್ಕೆ ಮೂರು ಪುಟ ಕೊಟ್ಟಿದ್ದರು. ದಕ್ಷಿಣ ಲಂಡನ್ನಿನ ಒಂದೇ ಬೀದಿಯ ಮನೆಗಳಿಗೆ ಎರಡು ಬೇರೆ ಬೇರೆ ಕಂಪನಿಗಳು ನೀರು ಕೊಡುತ್ತಿದ್ದವು. ಒಂದು ಕಂಪನಿ ಕೊಳಚೆ ಸೇರುವ ಜಾಗದಲ್ಲಿ ಥೇಮ್ಸ್ ನದಿಯಿಂದ ನೀರೆತ್ತುತ್ತಿತ್ತು, ಇನ್ನೊಂದು ಅಷ್ಟರಲ್ಲಾಗಲೇ ಮೇಲಿನ ಹರಿವಿಗೆ ಸ್ಥಳಾಂತರಗೊಂಡಿತ್ತು. ಸತ್ತವರನ್ನು ಎಣಿಸಿದ್ದರಷ್ಟೇ ಸಾಕಾಗುತ್ತಿರಲಿಲ್ಲ. ಯಾವ ಕಂಪನಿಯ ನೀರು ಎಷ್ಟು ಮನೆಗಳಿಗೆ ಹೋಗುತ್ತದೆ ಎಂಬುದನ್ನೂ ಅವನು ಹಿಡಿದ. ಮೊದಲ ಏಳು ವಾರಗಳಲ್ಲಿ ಮೊದಲನೆಯ ಕಂಪನಿಯ 40,046 ಮನೆಗಳಲ್ಲಿ 1,263 ಸಾವು, ಎರಡನೆಯ ಕಂಪನಿಯ 26,107 ಮನೆಗಳಲ್ಲಿ 98 ಸಾವು. ಅಂದರೆ ಹತ್ತು ಸಾವಿರ ಮನೆಗಳಿಗೆ 315 ಒಂದು ಕಡೆ, 37 ಇನ್ನೊಂದು ಕಡೆ. ಕಾಲರಾದ ರೋಗಾಣುವನ್ನು ಜರ್ಮನಿಯ ವಿಜ್ಞಾನಿ ಕೋಖ್ 1883-84ರಲ್ಲಿ ತೋರಿಸಿಕೊಡುವುದಕ್ಕೆ ಮೂವತ್ತು ವರ್ಷ ಮೊದಲೇ, ಭಾಗಾಕಾರವೊಂದರಿಂದ ನೀರಿನ ಮೇಲಿನ ಆರೋಪ ಸಾಬೀತಾದಂತಾಗಿತ್ತು.

ಆ ಭಾಗಾಕಾರ ಮತ್ತೆ ಕೆಲಸಕ್ಕೆ ಬಂದದ್ದು 2025ರ ಜೂನ್-ಜುಲೈನಲ್ಲಿ. ಹಾಸನ ಜಿಲ್ಲೆಯಲ್ಲಿ ಹೃದಯಾಘಾತದಿಂದ ಸತ್ತವರ ಸಂಖ್ಯೆ ಇಂದು ಇಷ್ಟಾಯಿತು, ನಾಳೆ ಇಷ್ಟಾಯಿತು ಎಂದು ಟಿವಿಗಳಲ್ಲಿ ಬರತೊಡಗಿದಾಗ, ಯಾವ ತೊಂದರೆಯೂ ಇಲ್ಲದ ಇಪ್ಪತ್ತೈದರ ಹುಡುಗರು ಇಸಿಜಿಗಾಗಿ ಬೆಳಗಿನ ಜಾವವೇ ಆಸ್ಪತ್ರೆಗಳ ಮುಂದೆ ಸಾಲು ನಿಂತರು. 2011ರ ಜನಗಣತಿಯಂತೆ ಜಿಲ್ಲೆಯ ಜನಸಂಖ್ಯೆ ಸುಮಾರು 17.76 ಲಕ್ಷ. ವರ್ಷಕ್ಕೆ ಸಾವಿರಕ್ಕೆ ಆರು ಸಾವು ಎಂದು ಕಡಿಮೆಯೇ ಹಿಡಿದರೂ ತಿಂಗಳಿಗೆ ಒಂಬೈನೂರರ ಆಸುಪಾಸು ಆಗುತ್ತದೆ. ದೇಶದಲ್ಲಿ ನಾಲ್ಕನೆಯ ಒಂದು ಭಾಗಕ್ಕೂ ಹೆಚ್ಚು ಸಾವುಗಳಿಗೆ ಹೃದಯ ಮತ್ತು ರಕ್ತನಾಳಗಳ ಕಾಯಿಲೆಗಳೇ ಕಾರಣವಾಗಿರುವುದರಿಂದ, ಸುದ್ದಿಯೇ ಇಲ್ಲದ ತಿಂಗಳಲ್ಲೂ ನಮ್ಮ ಜಿಲ್ಲೆಯಲ್ಲಿ ಇಂಥ ಸಾವುಗಳು ಇನ್ನೂರು ದಾಟುತ್ತವೆ ಎಂದಾಯಿತು. ಇದು ಕಾಗದದ ಹಿಂಬದಿಯಲ್ಲಿ ಮಾಡುವ ಒರಟು ಲೆಕ್ಕ. ಜಯದೇವ ಹೃದ್ರೋಗ ಸಂಸ್ಥೆಯ ನಿರ್ದೇಶಕರ ನೇತೃತ್ವದಲ್ಲಿ ಸರ್ಕಾರ ನೇಮಿಸಿದ ತಜ್ಞರ ಸಮಿತಿಯೂ ಅಸಹಜ ಏರಿಕೆ ಕಂಡುಬಂದಿಲ್ಲವೆಂದೇ ವರದಿ ಕೊಟ್ಟಿತು. ಹಾಗೆಂದು ಚರ್ಚೆ ಅಲ್ಲಿಗೆ ಮುಗಿಯಿತೆಂದು ನಾನು ಒಪ್ಪುವುದಿಲ್ಲ. ಸತ್ತವರಲ್ಲಿ ಕಿರಿಯರು ಹೆಚ್ಚಿದ್ದಾರೆಯೇ ಎಂಬ ಪ್ರಶ್ನೆಗೆ ಒಟ್ಟು ಜನಸಂಖ್ಯೆಯಿಂದ ಭಾಗಿಸಿದರೆ ಉತ್ತರ ಸಿಗದು. ಆ ವಯಸ್ಸಿನವರು ಎಷ್ಟು ಜನರಿದ್ದಾರೆ, ಅದೇ ತಿಂಗಳಲ್ಲಿ ಹಿಂದಿನ ವರ್ಷಗಳಲ್ಲಿ ಅವರಲ್ಲಿ ಎಷ್ಟು ಸಾವಾಗಿತ್ತು ಎಂಬುದು ಬೇಕು. ಮನೆಯಲ್ಲೇ ಪ್ರಾಣಬಿಟ್ಟು ಮರಣೋತ್ತರ ಪರೀಕ್ಷೆಯಿಲ್ಲದೆ ಮಣ್ಣಾದವರ ಸಾವಿಗೆ ಹೃದಯವೇ ಕಾರಣವೆಂದು ಬರೆಯುವುದು ಊಹೆಯೇ ಹೊರತು ರೋಗನಿರ್ಣಯವಲ್ಲ.

ನಮ್ಮ ಕಾಲದಲ್ಲಿ ಈ ಕೈಪಿಡಿ ಓದುತ್ತಿದ್ದವರು ಹೆಚ್ಚಾಗಿ ಎಸ್‌ಟಿಎಸ್‌ಗೆ ಅರ್ಜಿ ಹಾಕುವವರು. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ಎಂಬಿಬಿಎಸ್ ವಿದ್ಯಾರ್ಥಿಗಳಿಗಾಗಿ 1979ರಲ್ಲಿ ಆರಂಭಿಸಿದ ಅಲ್ಪಾವಧಿ ವಿದ್ಯಾರ್ಥಿವೇತನ ಅದು: ಪ್ರಾಧ್ಯಾಪಕರೊಬ್ಬರ ಮಾರ್ಗದರ್ಶನದಲ್ಲಿ ಎರಡು ತಿಂಗಳ ಒಂದು ಅಧ್ಯಯನ, ಕೊನೆಗೆ ವರದಿ. ನಾನು ಸಕಲೇಶಪುರ ಕಡೆಯ ಕಾಫಿ ತೋಟದ ಕೂಲಿ ಹೆಣ್ಣುಮಕ್ಕಳಲ್ಲಿ ರಕ್ತಹೀನತೆಯನ್ನು ಆರಿಸಿಕೊಂಡೆ. 'ರಕ್ತಹೀನತೆಯ ಬಗ್ಗೆ ಅಧ್ಯಯನ' ಎಂಬುದು ಪ್ರಶ್ನೆಯೇ ಅಲ್ಲ ಎಂದು ಮೇಡಂ ಹಾಳೆಯನ್ನು ಹಿಂದಿರುಗಿಸಿದರು. ಯಾರಲ್ಲಿ, ಯಾವುದನ್ನು, ಯಾರೊಂದಿಗೆ ಹೋಲಿಸಿ, ಯಾವ ಫಲಿತಾಂಶಕ್ಕಾಗಿ ನೋಡುತ್ತೀರಿ ಎಂಬ ನಾಲ್ಕಕ್ಕೂ ಉತ್ತರ ಬರೆದ ಮೇಲೆಯೇ ಪ್ರಶ್ನೆಗೆ ಆಕಾರ ಬಂತು. ಹಿಮೋಗ್ಲೋಬಿನ್ ಗರ್ಭಿಣಿಯಲ್ಲದ ಹೆಂಗಸಿಗೆ ಡೆಸಿಲೀಟರಿಗೆ 12 ಗ್ರಾಂ, ಗರ್ಭಿಣಿಗೆ 11 ಗ್ರಾಂಗಿಂತ ಕಡಿಮೆಯಿದ್ದರೆ ರಕ್ತಹೀನತೆ ಎಂಬ ವಿಶ್ವ ಆರೋಗ್ಯ ಸಂಸ್ಥೆಯ ಆಗಿನ ಗಡಿಯನ್ನು ಇಟ್ಟುಕೊಂಡೆವು.

ಎಷ್ಟು ಜನರನ್ನು ನೋಡಬೇಕು ಎಂಬುದಕ್ಕೆ ನಮ್ಮ ಪಠ್ಯಗಳಲ್ಲಿ ಬರುವ ಸೂತ್ರ ಸರಳ: ಕಾಯಿಲೆ ಇರಬಹುದಾದವರ ಶೇಕಡಾವಾರು, ಇಲ್ಲದವರ ಶೇಕಡಾವಾರು, ಇವೆರಡರ ಗುಣಲಬ್ಧವನ್ನು ನಾಲ್ಕರಿಂದ ಗುಣಿಸಿ, ಒಪ್ಪಬಹುದಾದ ತಪ್ಪಿನ ವರ್ಗದಿಂದ ಭಾಗಿಸಬೇಕು. ರಾಜ್ಯದ ಹೆಣ್ಣುಮಕ್ಕಳಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ರಕ್ತಹೀನತೆಯೆಂದು ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಹೇಳುತ್ತಿದ್ದುದರಿಂದ 50 ಮತ್ತು 50, ತಪ್ಪು 5, ಉತ್ತರ 400. ಈ ನಾಲ್ಕು ಎಲ್ಲಿಂದ ಬಂತೆಂದು ನಾವು ಯಾರೂ ಕೇಳದೆ ಬಿಡುತ್ತಿದ್ದೆವೇನೋ. ಶೇಕಡಾ 95ರ ಭರವಸೆಗೆ ಬೇಕಾದ 1.96ರ ವರ್ಗ 3.84, ಅದನ್ನೇ ಪೂರ್ಣಗೊಳಿಸಿ ನಾಲ್ಕು ಎನ್ನುತ್ತಾರೆ ಎಂಬ ಅಡಿಟಿಪ್ಪಣಿ ಕೈಪಿಡಿಯಲ್ಲಿತ್ತು.

ಸೂತ್ರ ಹೇಳದಿರುವುದನ್ನು ತೋಟ ಕಲಿಸಿತು. ಹಗಲಿನಲ್ಲಿ ಆಳುಗಳು ವಾಸಿಸುವ ಲೈನ್ ಮನೆಗಳಿಗೆ, ಅಂದರೆ ಸಾಲುಮನೆಗಳಿಗೆ, ಹೋದರೆ ಸಿಗುವವರು ಅಂದು ಕೆಲಸಕ್ಕೆ ಹೋಗಲಾರದವರು, ಬಾಣಂತಿಯರು, ವಯಸ್ಸಾದವರು. ಅವರ ರಕ್ತವನ್ನಷ್ಟೇ ನೋಡಿದರೆ ರಕ್ತಹೀನತೆ ಇರುವುದಕ್ಕಿಂತ ಹೆಚ್ಚಾಗಿ ಕಾಣುತ್ತದೆ. ತೋಟದೊಳಗೆ ಕೆಲಸ ಮಾಡುತ್ತಿರುವವರನ್ನಷ್ಟೇ ನೋಡಿದರೆ ಗಟ್ಟಿಮುಟ್ಟಾದವರೇ ಸಿಕ್ಕು ಕಡಿಮೆಯಾಗಿ ಕಾಣುತ್ತದೆ. ಹಾಗಾಗಿ ಮೊದಲು ಪೂರ್ತಿ ಪಟ್ಟಿ ಬೇಕು, ಆಮೇಲೆ ಚೀಟಿ ಎತ್ತಿದಂತೆ ಅದರಿಂದ ಹೆಸರುಗಳನ್ನು ಆರಿಸಬೇಕು. ಪಟ್ಟಿ ಇದ್ದದ್ದು ತೋಟದ ಲೆಕ್ಕ ಬರೆಯುವ ರೈಟರ ಬಳಿ, ಚೆಕ್‌ರೋಲ್ ಎಂಬ ಹಾಜರಿ ಪುಸ್ತಕದ ರೂಪದಲ್ಲಿ. ಅದರಲ್ಲಿ ಕಾಯಂ ಆಳುಗಳ ಹೆಸರಿರುತ್ತಿತ್ತು. ಮೇಸ್ತ್ರಿಯ ಮೂಲಕ ಹೊರಗಿನಿಂದ ಬಂದ ಕಾಂಟ್ರ್ಯಾಕ್ಟ್ ಆಳುಗಳು ಅಲ್ಲಿ ಬರಿಯ ತಲೆಲೆಕ್ಕ. ಹೆಸರಿಲ್ಲದವರೇ ಹೆಚ್ಚು ಬಡವರು ಎಂಬುದು ನೋಡಿದ ಕೂಡಲೇ ತಿಳಿಯುತ್ತಿತ್ತು. ಮೇಸ್ತ್ರಿಗಳೊಂದಿಗೆ ಕುಳಿತು ಹೆಸರು ಬರೆಸುವುದಕ್ಕೆ ಹಿಡಿದ ಕಾಲ ರಕ್ತ ತೆಗೆಯುವುದಕ್ಕೆ ಹಿಡಿಯಲಿಲ್ಲ. ಮಲೆನಾಡಿನ ಮಳೆಗಾಲದಲ್ಲಿ ಎರಡು ತಿಂಗಳ ಅಧ್ಯಯನವನ್ನು ಯಾರು ಇಟ್ಟರೋ ಎಂದು ಗೊಣಗಿದ್ದೂ ಉಂಟು.

ಒಪ್ಪಿಗೆ ಪತ್ರದ ಭಾಗವನ್ನು ಕೈಪಿಡಿಯಲ್ಲಿ ನಾನು ಅವಸರದಿಂದ ಓದಿದ್ದೆ, ಅಲ್ಲಿ ನಿಂತಾಗ ಅದರ ತೂಕ ತಿಳಿಯಿತು. ಸಹಿ, ಹೆಬ್ಬೆಟ್ಟು ಎಂದೊಡನೆ ಸಾಲದ ಪತ್ರವಿರಬಹುದೆಂದು ಹಿಂಜರಿಯುವವರಿದ್ದರು. ಓದು ಬಾರದವರಿಗೆ ಪತ್ರವನ್ನು ಪೂರ್ತಿ ಓದಿ ಹೇಳಬೇಕು, ಅಧ್ಯಯನಕ್ಕೆ ಸಂಬಂಧಿಸದ ಸಾಕ್ಷಿಯೊಬ್ಬರು ಜೊತೆಗಿರಬೇಕು ಎಂಬುದು ವೈದ್ಯಕೀಯ ಸಂಶೋಧನಾ ಮಂಡಳಿಯ ನೈತಿಕ ಮಾರ್ಗಸೂಚಿ. ಸಾಕ್ಷಿಯಾಗಿ ರೈಟರ್ ನಿಲ್ಲಬಹುದೇ ಎಂದು ಕೇಳಿದಾಗ ಮೇಡಂ ಬೇಡವೆಂದರು: ಕೂಲಿ ಬರೆಯುವವರ ಎದುರಿನಲ್ಲಿ ಯಾರು ತಾನೇ ಒಲ್ಲೆ ಎಂದಾರು? ಅಂಗನವಾಡಿ ಶಿಕ್ಷಕಿಯನ್ನು ಕೇಳಿಕೊಂಡೆವು. 'ಇದ್ರಿಂದ ನಂಗೇನು ಸಿಗುತ್ತೆ ಡಾಕ್ಟ್ರಮ್ಮ?' ಎಂದು ಹಿರಿಯಾಕೆಯೊಬ್ಬರು ಕೇಳಿದರು. ಹಣ ಸಿಗದು, ನಿಮ್ಮ ರಕ್ತ ಎಷ್ಟಿದೆ ಎಂದು ಹೇಳುತ್ತೇವೆ, ಕಡಿಮೆಯಿದ್ದರೆ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಮಾತ್ರೆ ಕೊಡಿಸುತ್ತೇವೆ ಎಂದೆ. ಈ ಕೊನೆಯ ಮಾತು ಐಚ್ಛಿಕವಲ್ಲ. ಅಮೆರಿಕದ ಟಸ್ಕೀಗಿಯಲ್ಲಿ 1932ರಿಂದ 1972ರವರೆಗೆ ಸಿಫಿಲಿಸ್ ಇದ್ದ ಸುಮಾರು ನಾನೂರು ಕಪ್ಪು ಜನಾಂಗದ ಬಡ ಗಂಡಸರನ್ನು, ಪೆನಿಸಿಲಿನ್ ಬಂದ ಮೇಲೂ ಚಿಕಿತ್ಸೆ ಕೊಡದೆ, ಕಾಯಿಲೆ ಹೇಗೆ ಮುಂದುವರಿಯುತ್ತದೆಂದು ನೋಡುತ್ತ ಕುಳಿತಿದ್ದರು. ಕೈಪಿಡಿಯಲ್ಲಿ ಇದಕ್ಕೆ ಒಂದು ಪ್ಯಾರಾ ಇತ್ತು. ನನ್ನ ಅಭಿಪ್ರಾಯದಲ್ಲಿ ಅಂಕಿಅಂಶದ ಅಧ್ಯಾಯಕ್ಕಿಂತ ಮೊದಲು ಅದಿರಬೇಕಿತ್ತು.

ವರದಿ ದೆಹಲಿಗೆ ಹೋಯಿತು. ಫಲಿತಾಂಶವನ್ನು ಅಧ್ಯಯನಕ್ಕೆ ಒಳಗಾದವರಿಗೆ ಹೇಗೆ ತಲುಪಿಸಬೇಕು ಎಂಬುದಕ್ಕೆ ಮಾತ್ರ ಕೈಪಿಡಿಯಲ್ಲಿ ಒಂದು ಸಾಲೂ ಇರಲಿಲ್ಲ. ನಾವು ಬಟವಾಡೆಯ ದಿನ ಹೋದೆವು, ಏಕೆಂದರೆ ಅಂದು ಕಾಯಂ ಆಳು, ಕಾಂಟ್ರ್ಯಾಕ್ಟ್ ಆಳು ಎಲ್ಲರೂ ಒಂದೆಡೆ ಸೇರುತ್ತಾರೆ. ಯಾರ ಹೆಸರನ್ನೂ ಎತ್ತದೆ ಒಟ್ಟು ಲೆಕ್ಕವನ್ನು ಹೇಳಿ, ಅವರವರ ಚೀಟಿಯನ್ನು ಅವರವರ ಕೈಗೆ ಕೊಟ್ಟೆವು. ಆಗ ರೈಟರು ಕೇಳಿದ್ದು ನಾವು ನಿರೀಕ್ಷಿಸದ ಪ್ರಶ್ನೆ: 'ಸರಿ, ತೋಟದವರು ಏನು ಮಾಡ್ಬೇಕು ಅದನ್ನ ಹೇಳಿ.' ಮೇಡಂ ಅಲ್ಲೇ ಉತ್ತರ ಕೊಟ್ಟರು. ಕೊಕ್ಕೆಹುಳುವಿನ ಮರಿ ಒದ್ದೆ ಮಣ್ಣಿನಲ್ಲಿದ್ದು ಬರಿಗಾಲಿನ ಚರ್ಮದ ಮೂಲಕ ಮೈಸೇರುತ್ತದೆ, ಕರುಳಿನಲ್ಲಿ ಕಚ್ಚಿಕೊಂಡು ರಕ್ತ ಹೀರುತ್ತದೆ. ಆದ್ದರಿಂದ ಕಬ್ಬಿಣದ ಮಾತ್ರೆಯೊಂದೇ ಸಾಲದು, ಲೈನಿನ ಪ್ರತಿ ಮನೆಗೂ ಕಕ್ಕಸು ಬೇಕು, ಕಾಲಿಗೆ ಬೂಟು ಬೇಕು, 400 ಮಿಲಿಗ್ರಾಂ ಆಲ್ಬೆಂಡಜೋಲ್ ಮಾತ್ರೆಯನ್ನು ಆರೋಗ್ಯ ಕೇಂದ್ರದಿಂದ ಪಡೆದು, ಮೊದಲ ಮೂರು ತಿಂಗಳ ಗರ್ಭಿಣಿಯರನ್ನು ಬಿಟ್ಟು, ಎಲ್ಲರಿಗೂ ಒಂದೇ ದಿನ ಕೊಡಬೇಕು ಎಂದರು. ರೈಟರು ಚೆಕ್‌ರೋಲಿನ ಕೊನೆಯ ಪುಟದಲ್ಲಿ ಅದನ್ನು ಬರೆದುಕೊಂಡು, ಬೂಟಿಗೆ ಎಷ್ಟಾಗುತ್ತದೆ ಎಂದು ಅಲ್ಲೇ ಲೆಕ್ಕ ಹಾಕಿ, ಕಕ್ಕಸಿನ ಮಾತನ್ನು ಯಜಮಾನರ ಹತ್ತಿರ ನೀವೇ ಆಡಬೇಕು ಎಂದರು. ಮರುವಾರ ಮೇಡಂ ಆಡಿದರು.