ಕ್ಲೆಜ್ಮರ್ ಅಂದರೆ ನಮ್ಮ ವಕುಳಾಭರಣವೇ ಅಲ್ಲವೇ?

ಪೂರ್ವ ಯುರೋಪಿನ ಯಹೂದಿಗಳ ಮದುವೆಯ ವಾದ್ಯಸಂಗೀತ ಕ್ಲೆಜ್ಮರ್. ನಮ್ಮ ಮದುವೆಗಳಿಗೆ ಓಲಗ ಹೇಗೋ ಅವರಿಗೆ ಇದು ಹಾಗೆ. ನ್ಯೂಯಾರ್ಕಿನ ಆಂಡಿ ಸ್ಟ್ಯಾಟ್‌ಮನ್ ಅವರ ಕ್ಲಾರಿನೆಟ್ ಕೇಳಿದ ಕರ್ನಾಟಕ ಸಂಗೀತದ ವಿದ್ಯಾರ್ಥಿಗಳೆಲ್ಲ ಕೇಳುವುದು ಇದನ್ನೇ: ‘ಇದು ವಕುಳಾಭರಣ ರಾಗ ತಾನೆ? ನಾವೂ ನುಡಿಸಬಹುದಲ್ಲ?’

ಸ್ವರಗಳ ಮಟ್ಟಿಗೆ ಹೌದು. ‘ಫ್ರೇಗಿಶ್’ ಎಂದು ಅವರು ಕರೆಯುವ ಸ್ವರಶ್ರೇಣಿಯಲ್ಲಿ ಶುದ್ಧ ರಿಷಭ, ಅಂತರ ಗಾಂಧಾರ, ಶುದ್ಧ ಮಧ್ಯಮ, ಪಂಚಮ, ಶುದ್ಧ ಧೈವತ, ಕೈಶಿಕಿ ನಿಷಾದ ಇವೆ. ವಕುಳಾಭರಣದ್ದೂ ಇವೇ ಸ್ವರಗಳು, ಅದು ನಮ್ಮ 14ನೇ ಮೇಳಕರ್ತ ರಾಗ. ‘ಮಿ ಶೆಬೇರಖ್’ ಎಂಬ ಇನ್ನೊಂದು ಶ್ರೇಣಿ ನಮ್ಮ ಹೇಮವತಿ ರಾಗಕ್ಕೆ ಹೊಂದುತ್ತದೆ. ಆದರೆ ಫ್ರೇಗಿಶ್‌ನಲ್ಲಿ ಷಡ್ಜದಿಂದ ಮಂದ್ರಕ್ಕೆ ಇಳಿದಾಗ ಧೈವತ ಎಷ್ಟೋ ಸಲ ಒಂದು ಮೆಟ್ಟಿಲು ಮೇಲಿನ ಚತುಶ್ರುತಿ ಧೈವತವಾಗುತ್ತದೆ. ವಕುಳಾಭರಣದಲ್ಲಿ ಪಳಗಿದ ಬೆರಳು ಶುದ್ಧ ಧೈವತಕ್ಕೇ ಹೋಗುತ್ತದೆ, ಮೊದಲು ಎಡವುವುದು ಅಲ್ಲಿ. ಜೊತೆಗೆ ಗಿಟಾರ್ ಇದ್ದರೆ ಇನ್ನೊಂದು ತೊಡಕು. ಡಿ ಷಡ್ಜವಾದರೆ ಬೇಕಾದ, ಹಲವು ಸ್ವರ ಒಟ್ಟಿಗೆ ಮೀಟುವ ಕಾರ್ಡ್‌ಗಳು ಡಿ ಮೇಜರ್, ಜಿ ಮೈನರ್, ಸಿ ಮೈನರ್. ಮುಗಿಸುವಾಗ ಸಿ ಮೈನರ್‌ನಿಂದ ಡಿ ಮೇಜರ್‌ಗೆ ಬರಬೇಕು. ರೂಢಿಯಂತೆ ಎ ಮೇಜರ್ ಹಾಕಿದಿರೋ, ಅದರ ಸಿ ಶಾರ್ಪ್ ಮತ್ತು ಇ ಎರಡೂ ಈ ಶ್ರೇಣಿಗೆ ಸೇರದವು, ಕಿವಿಗೆ ಚುಚ್ಚುತ್ತವೆ.

ಇಷ್ಟೆಲ್ಲ ಸರಿಮಾಡಿಕೊಂಡರೂ ಅದಿನ್ನೂ ಕ್ಲೆಜ್ಮರ್ ಆಗಿರುವುದಿಲ್ಲ. ಜೀವ ಇರುವುದು ‘ಕ್ರೆಖ್ಟ್ಸ್’ನಲ್ಲಿ. ಆ ಯಹೂದಿಗಳ ಯಿಡ್ಡಿಶ್ ಭಾಷೆಯಲ್ಲಿ ನರಳಾಟ ಎಂದರ್ಥ. ಸ್ವರ ಮುಗಿಯುವ ಕಡೇ ಗಳಿಗೆಯಲ್ಲಿ ಬೆರಳು ಚಕ್ಕನೆ ಮೇಲಿನ ಸ್ವರಕ್ಕೆ ಹಾರುತ್ತದೆ, ಅದು ಮೂಡುವಷ್ಟರಲ್ಲೇ ನಾಲಗೆಯೋ ಗಂಟಲೋ ಉಸಿರನ್ನು ಕಡಿದುಬಿಡುತ್ತದೆ. ಮೇಲಿನದು ಸ್ವರವಾಗಿ ಕೇಳಿಸಕೂಡದು, ಬಿಕ್ಕಿದ ಹಾಗೆ ಕೇಳಿಸಬೇಕು. ನಮ್ಮ ಗಮಕದಲ್ಲಿ ನಾದ ಹರಿಯುತ್ತಲೇ ಇರುತ್ತದೆ, ಇಲ್ಲಿ ಅದನ್ನು ತುಂಡರಿಸಬೇಕು. ಗಮಕ ರೂಢಿಯಾದವರಿಗೆ ಇದೇ ಬಹಳ ಕಷ್ಟ. ಲಯ ತೋರಿಸುವ ಮೆಟ್ರೊನೋಮನ್ನು ನಿಮಿಷಕ್ಕೆ 60 ಎಣಿಕೆಗೆ ಇಟ್ಟು, ನಾಲ್ಕೆಣಿಕೆಯ ಒಂದೊಂದೇ ಸ್ವರ ಊದಿ ಕೊನೆಗೆ ಮಾತ್ರ ಬಿಕ್ಕಿಸಿ. ಎಲ್ಲ ಸ್ವರಕ್ಕೂ ಹಚ್ಚಿದರೆ ಬರೀ ಅಣಕವಾಗುತ್ತದೆ.

ಇದನ್ನು ಸ್ಟ್ಯಾಟ್‌ಮನ್ ಪುಸ್ತಕದಿಂದ ಪಡೆಯಲಿಲ್ಲ. 1950ರಲ್ಲಿ ಹುಟ್ಟಿದ ಅವರು ಮೊದಲು ಹೆಸರು ಮಾಡಿದ್ದು ಬ್ಲೂಗ್ರಾಸ್ ಎಂಬ ಅಮೆರಿಕದ ಹಳ್ಳಿಗಾಡಿನ ಸಂಗೀತದ ಮ್ಯಾಂಡೊಲಿನ್‌ನಲ್ಲಿ. ಆ ಹೊತ್ತಿಗೆ ಅಮೆರಿಕಕ್ಕೆ ವಲಸೆ ಬಂದ ಯಹೂದಿಗಳ ಮಕ್ಕಳಿಗೆ ಕ್ಲೆಜ್ಮರ್ ಹಳೆಯ ಕಾಲದ್ದಾಗಿತ್ತು. ಯುರೋಪಿನಲ್ಲೋ, ಅದನ್ನು ನುಡಿಸುತ್ತಿದ್ದ ಊರುಗಳನ್ನೇ ನಾಜಿಗಳು ಬರಿದು ಮಾಡಿದ್ದರು. ಉಳಿದ ಹಳೆಯ ಗ್ರಾಮಫೋನಿನ 78 ಆರ್‌ಪಿಎಂ ತಟ್ಟೆಗಳಲ್ಲಿ ಒಂದು ಬದಿಗೆ ಸುಮಾರು 3 ನಿಮಿಷದ ಸಂಗೀತ, ಅದರ ಮೇಲೆ ಗರಗರ ಸದ್ದು. ಉಸಿರು ಎಲ್ಲಿ ಕಡಿಯಿತು ಎಂಬುದನ್ನು ಬಲ್ಲವರೇ ತೋರಿಸಿಕೊಡಬೇಕು. 1970ರ ದಶಕದಲ್ಲಿ ಅವರು ಡೇವ್ ಟರಾಸ್ ಅವರನ್ನು ಹುಡುಕಿಕೊಂಡು ಹೋದರು. ಉಕ್ರೇನಿನ ಕ್ಲೆಜ್ಮರ್ ಮನೆತನದ ಟರಾಸ್ 1921ರಲ್ಲೇ ಅಮೆರಿಕಕ್ಕೆ ಬಂದವರು, ಆಗ ಎಂಬತ್ತರ ಆಸುಪಾಸು. ಶಿಷ್ಯನಿಗಾಗಿ ಹೊಸ ಮಟ್ಟುಗಳನ್ನು ಕಟ್ಟಿದರು, ತಮ್ಮ 4 ಕ್ಲಾರಿನೆಟ್‌ಗಳನ್ನು ಅವರಿಗೇ ಬಿಟ್ಟುಹೋದರು.

1979ರಲ್ಲಿ ಸ್ಟ್ಯಾಟ್‌ಮನ್, ಜೆವ್ ಫೆಲ್ಡ್‌ಮನ್ ಜೊತೆ ‘ಜ್ಯೂಯಿಶ್ ಕ್ಲೆಜ್ಮರ್ ಮ್ಯೂಸಿಕ್’ ಎಂಬ ಆಲ್ಬಮ್ ಹೊರತಂದರು. ಕ್ಲಾರಿನೆಟ್, ಮ್ಯಾಂಡೊಲಿನ್, ಸಂತೂರಿನಂತೆ ತಂತಿಗಳನ್ನು ಕೋಲಿನಿಂದ ಬಡಿಯುವ ತ್ಸಿಂಬಲ್, ಆಧಾರಕ್ಕೆ ಬಾಸ್. ಡ್ರಮ್ಸ್ ಇಲ್ಲದ್ದರಿಂದ ಒಂದೊಂದು ಬಿಕ್ಕೂ ಬಿಡಿಯಾಗಿ ಕೇಳುತ್ತದೆ. ಯಹೂದಿಗಳ ಹಸಿದಿಕ್ ಪಂಥದ ಭಕ್ತಿಮಟ್ಟುಗಳನ್ನು ಸ್ಯಾಕ್ಸೊಫೋನ್ ವಾದಕ ಜಾನ್ ಕೋಲ್ಟ್ರೇನ್ ಹಾದಿಯ ಜಾಜ್‌ನಲ್ಲಿ ಬೆಳೆಸಿದ್ದು ಆಮೇಲೆ, 1997ರ ‘ಬಿಟ್ವೀನ್ ಹೆವನ್ ಅಂಡ್ ಅರ್ತ್’ನಲ್ಲಿ. ಹೊಸದು ಕಟ್ಟುವ ಧೈರ್ಯ ಬಂದದ್ದು ಹಳೆಯದು ಉಸಿರಿಗೆ ಇಳಿದ ಮೇಲೆಯೇ ಎಂದು ನನ್ನ ದೃಢ ನಂಬಿಕೆ.

ಆದ್ದರಿಂದ ಕಲಿಯುವವರು 1997ರ ಆಲ್ಬಮ್ಮಿನಿಂದ ಶುರು ಮಾಡಬೇಡಿ. ಟರಾಸ್ ಅವರ ಒಂದು ಡೋಯ್ನ ಆರಿಸಿಕೊಳ್ಳಿ, ತಾಳವಿಲ್ಲದ, ಆಲಾಪನೆಯಂಥ ಪ್ರಕಾರ ಅದು. ವೇಗ ಅರ್ಧಕ್ಕಿಳಿಸಿ, ಸ್ವರ ಬರೆದುಕೊಳ್ಳದೆ, ಬಿಕ್ಕುಗಳ ಸಮೇತ ಬಾಯಲ್ಲಿ ಹಾಡಿ. ಬಾಯಿಗೆ ಬಂದ ಮೇಲೆ ಕ್ಲಾರಿನೆಟ್ ಕೈಗೆತ್ತಿಕೊಳ್ಳಿ.